ಸೋತವರ ಕೈಬರಹ

ಸುಡಾನಿನಲ್ಲಿ ಮೆರೋಯಿ ಎಂಬ ಹಾಳೂರಿದೆ. 1910ರ ಡಿಸೆಂಬರಿನಲ್ಲಿ ಅಲ್ಲಿ ಅಗೆಯುತ್ತಿದ್ದವರಿಗೆ ಗುಡಿಯೊಂದರ ಮೆಟ್ಟಿಲ ಬುಡದ ಮರಳಿನಲ್ಲಿ ಕಂಚಿನ ತಲೆಯೊಂದು ಸಿಕ್ಕಿತು. ಆಳೆತ್ತರ ಮೀರಿದ ಪ್ರತಿಮೆಯಿಂದ ಕಡಿದು ತಂದ ತಲೆ. ಗಾಜು, ಕಲ್ಲು ಕೂರಿಸಿ ಮಾಡಿದ ಕಣ್ಣುಗಳು ಕೂಡ ಕಿತ್ತುಹೋಗದೆ ಉಳಿದಿದ್ದವು. ರೋಮಿನ ಮೊದಲ ಚಕ್ರವರ್ತಿ ಅಗಸ್ಟಸ್‌ನ ಮುಖ ಅದು. ಕ್ರಿ.ಪೂ. 25ರ ಸುಮಾರಿಗೆ ಮೆರೋಯಿಯ ಕುಶ್ ರಾಜ್ಯದ ಪಡೆ ಈಜಿಪ್ಟಿನ ದಕ್ಷಿಣದ ಗಡಿಯೂರುಗಳ ಮೇಲೆ ಬಿದ್ದು ಚಕ್ರವರ್ತಿಯ ಪ್ರತಿಮೆಗಳನ್ನು ಉರುಳಿಸಿತ್ತು. ಅವುಗಳಲ್ಲಿ ಒಂದರ ತಲೆ ನೂರಾರು ಮೈಲಿ ಸಾಗಿ ಬಂದು ಈ ಮೆಟ್ಟಿಲ ಕೆಳಗೆ ಸೇರಿತು. ಗುಡಿಗೆ ಬಂದುಹೋಗುವ ಪ್ರತಿಯೊಬ್ಬರ ಅಂಗಾಲೂ ಆ ನೆತ್ತಿಯನ್ನು ಮೆಟ್ಟಿ ಹಾಯಬೇಕಿತ್ತು.

ಕುಶ್‌ನ ರಾಣಿಯರಿಗೆ ಕಂಡಾಕೆ ಎಂಬ ಬಿರುದು. ಆ ಯುದ್ಧಕಾಲದ ಕಂಡಾಕೆಯನ್ನು ವಿದ್ವಾಂಸರು ಅಮನಿರೇನಾಸ್ ಎಂದು ಗುರುತಿಸುತ್ತಾರೆ. ರೋಮಿನ ಆಳ್ವಿಕೆಯಲ್ಲಿ ಬದುಕಿ ಗ್ರೀಕಿನಲ್ಲಿ ಬರೆದ ಸ್ಟ್ರಾಬೊ ಆಕೆಯನ್ನು ಒಕ್ಕಣ್ಣಿನ ಗಂಡುಬೀರಿ ಎಂಬಂತೆ ಚಿತ್ರಿಸಿ ಮುಂದೆ ಹೋಗುತ್ತಾನೆ. ಆಕೆ ಸೋತು ಮಣಿಯಲಿಲ್ಲ. ರೋಮನ್ ಸೇನೆ ನಪಾಟಾ ನಗರವನ್ನು ಸುಲಿದ ಮೇಲೂ ಕುಶ್‌ನ ದೂತರು ಸಾಮೋಸ್ ದ್ವೀಪಕ್ಕೆ ಹೋಗಿ ಅಗಸ್ಟಸ್‌ನನ್ನೇ ಕಂಡು, ಹೇರಿದ್ದ ಕಪ್ಪಕಾಣಿಕೆಯನ್ನು ಮನ್ನಾ ಮಾಡಿಸಿಕೊಂಡು ಬಂದರು. ಈ ಕಥೆಯನ್ನು ಕುಶ್‌ನವರೇ ಹೇಳಿದ್ದರೆ ಹೇಗಿರುತ್ತಿತ್ತು? ಬಹುಶಃ ಹೇಳಿದ್ದಾರೆ. ಮೆರೋಯಿ ಬಳಿಯ ಹಮಾದಾಬ್‌ನಲ್ಲಿ 1914ರಲ್ಲಿ ದೊರೆತ ಶಿಲಾಶಾಸನದಲ್ಲಿ ಅಮನಿರೇನಾಸಳ ಹೆಸರಿದೆ, ಅಕಿನಿದಾದ್ ಎಂಬ ರಾಜಕುಮಾರನ ಹೆಸರಿದೆ, ಸಾಲು ಸಾಲಾಗಿ ಬರಹವಿದೆ. ಮೆರೋಯಿಟಿಕ್ ಲಿಪಿಯ ಅಕ್ಷರಗಳನ್ನು ಒಂದು ಶತಮಾನದ ಹಿಂದೆಯೇ ಬಿಡಿಸಲಾಗಿದೆ, ಗಟ್ಟಿಯಾಗಿ ಓದಲೂ ಬರುತ್ತದೆ. ಆದರೆ ಆ ಭಾಷೆಯ ಬಹುಪಾಲು ನಮಗೆ ತಿಳಿಯದು. ಅಗಸ್ಟಸ್‌ನ ತಲೆಯೂ ಆ ಶಾಸನವೂ ಇವತ್ತು ಲಂಡನ್ನಿನ ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿ ಒಂದೇ ಸೂರಿನಡಿ ಇವೆ. ಒಂದನ್ನು ಎಲ್ಲರೂ ಗುರುತಿಸುತ್ತಾರೆ, ಇನ್ನೊಂದು ಮಾತಾಡುತ್ತಿದ್ದರೂ ಯಾರಿಗೂ ಪೂರ್ತಿ ಅರ್ಥವಾಗುತ್ತಿಲ್ಲ.

ರೋಮನ್ನು ಎದುರಿಸಿದವರ ಕಡೆಗೆ ಒಮ್ಮೆ ಹಿಂತಿರುಗಿ ನೋಡೋಣ ಎಂದು ಕುಳಿತಾಗ ನಮಗೆ ಮೊದಲು ಎದುರಾದದ್ದು ಇದೇ ಸಂಕಟ. ಕ್ರಿ.ಪೂ. 264ರಲ್ಲಿ ಕಾರ್ಥೇಜಿನೊಂದಿಗೆ ಶುರುವಾದ ಕದನದಿಂದ ಕ್ರಿ.ಶ. 135ರಲ್ಲಿ ಜುದೇಯದ ಕೊನೆಯ ದಂಗೆ ಅಡಗುವವರೆಗೆ ಹತ್ತಿರ ಹತ್ತಿರ 400 ವರ್ಷ. ಅಷ್ಟೂ ಕಾಲ ಯಾವುದಾದರೊಂದು ದಿಕ್ಕಿನಲ್ಲಿ ಯಾರಾದರೂ ರೋಮಿನ ವಿರುದ್ಧ ಎದ್ದು ನಿಂತೇ ಇದ್ದರು. ಸಮುದ್ರ ವ್ಯಾಪಾರಿಗಳು, ಕುರಿಗಾಹಿಗಳು, ಗುಲಾಮರು, ರಾಜರು, ವಿಧವೆಯರು, ರೋಮಿನ ಸೇನೆಯಲ್ಲೇ ಪಳಗಿದವರು. ಇವರಲ್ಲಿ ಹೆಚ್ಚಿನವರ ಕಥೆಯನ್ನು ನಾವು ಅವರನ್ನು ಸೋಲಿಸಿದವರ ಬಾಯಿಂದ ಕೇಳಿದ್ದೇವೆ. ಗೆದ್ದವನು ತನ್ನ ವೈರಿಯನ್ನು ದೊಡ್ಡದು ಮಾಡಿ ತೋರಿಸುವುದುಂಟು, ಗೆಲುವಿಗೆ ಅದರಿಂದ ಮೆರುಗು ಬರುತ್ತದೆ. ನೀಚನೆಂದು ತೋರಿಸುವುದೂ ಉಂಟು, ಮಾಡಿದ ಕೃತ್ಯಕ್ಕೆ ಅದು ಸಮರ್ಥನೆಯಾಗುತ್ತದೆ. ಎರಡರಲ್ಲೂ ವೈರಿಯ ಸ್ವಂತ ಮಾತು ಇರುವುದಿಲ್ಲ. ಹಾಗಾಗಿ ಈ ಲೆಕ್ಕವನ್ನು ಯುದ್ಧಗಳ ಸೋಲು ಗೆಲುವಿನಿಂದ ಹಾಕುವುದು ಬೇಡ ಎನಿಸಿತು. ಸೋತವರ ಕೈಯಿಂದಲೇ ಬಂದು ಉಳಿದಿರುವ ಚೂರುಪಾರುಗಳನ್ನು ಮೊದಲು ಕೂಡಿಸಿ ನೋಡಬೇಕು.

ಕಾರ್ಥೇಜಿನಿಂದಲೇ ಶುರುಮಾಡೋಣ. ಕ್ರಿ.ಪೂ. 146ರಲ್ಲಿ ರೋಮನ್ ಸೇನೆ ಆ ನಗರದ ಬೀದಿ ಬೀದಿಯಲ್ಲಿ ಆರು ದಿನ ಕಾದಾಡಿ, ಮನೆಗಳಿಗೆ ಬೆಂಕಿಯಿಟ್ಟು, ಬದುಕುಳಿದ ಸುಮಾರು 50,000 ಜನರನ್ನು ಗುಲಾಮರಾಗಿ ಮಾರಿತು. ಕಾರ್ಥೇಜಿನಲ್ಲಿ ಗ್ರಂಥಭಂಡಾರಗಳಿದ್ದವು. ರೋಮಿನ ಸೆನೆಟ್ ಅವುಗಳನ್ನು ಆಫ್ರಿಕಾದ ಸಣ್ಣಪುಟ್ಟ ಅರಸರಿಗೆ ಹಂಚಿಬಿಟ್ಟಿತು. ತನಗೆಂದು ಇಟ್ಟುಕೊಂಡದ್ದು ಒಂದೇ ಕೃತಿ: ಮಾಗೊ ಎಂಬಾತ ಪ್ಯೂನಿಕ್ ಭಾಷೆಯಲ್ಲಿ ಬರೆದ 28 ಸಂಪುಟಗಳ ಬೇಸಾಯದ ಪುಸ್ತಕ. ಅದನ್ನು ಲ್ಯಾಟಿನ್ನಿಗೆ ತರಬೇಕೆಂದು ಅಪ್ಪಣೆಯಾಯಿತು. ಮೂಲವೂ ಅನುವಾದವೂ ಈಗ ಇಲ್ಲ. ಮುಂದಿನ ರೋಮನ್ ಲೇಖಕರು ಅಲ್ಲಲ್ಲಿ ಎತ್ತಿಕೊಂಡ ತುಣುಕುಗಳು ಮಾತ್ರ ಇವೆ. ಹೊಲ ಕೊಳ್ಳುವವನು ಪೇಟೆಯ ಮನೆಯನ್ನು ಮಾರಿಬಿಡಲಿ, ಇಲ್ಲದಿದ್ದರೆ ಅವನ ಮನಸ್ಸು ಹೊಲದಲ್ಲಿ ನಿಲ್ಲದು ಎಂಬ ಅರ್ಥದ ಬುದ್ಧಿವಾದ ಅವುಗಳಲ್ಲೊಂದು. ಒಂದು ದೊಡ್ಡ ನಾಗರಿಕತೆಯ ಇಡೀ ವಾಙ್ಮಯದಲ್ಲಿ ಗೆದ್ದವರಿಗೆ ಬೇಕೆನಿಸಿದ್ದು ಎತ್ತು, ದ್ರಾಕ್ಷಿ, ಆಲಿವ್ ಬೆಳೆಸುವ ವಿಧಾನ. ಅವರ ಕಾವ್ಯ ಹೇಗಿತ್ತು, ಅವರ ಇತಿಹಾಸಕಾರರು ರೋಮಿನ ಬಗ್ಗೆ ಏನು ಬರೆದಿದ್ದರು ಎಂಬುದೆಲ್ಲ ಉಳಿಯದೆ ಹೋಯಿತು.

ಕಾರ್ಥೇಜಿನ ದಳಪತಿ ಹ್ಯಾನಿಬಲ್‌ನದೊಂದು ಮಾತು ಮಾತ್ರ ಬಂದು ತಲುಪಿದೆ, ಅದೂ ಬಳಸುದಾರಿಯಲ್ಲಿ. ಕ್ರಿ.ಪೂ. 218ರಲ್ಲಿ ಆಲ್ಪ್ಸ್ ದಾಟಿ ಇಟಲಿಗೆ ಇಳಿದ ಆತ, 15 ವರ್ಷ ಅಲ್ಲೇ ನಿಂತು ಹೋರಾಡಿದ. ಆ ನಾಡನ್ನು ಬಿಡುವ ಮುನ್ನ ಇಟಲಿಯ ದಕ್ಷಿಣ ತುದಿಯಲ್ಲಿ, ಕ್ರೊಟೋನ್ ಬಳಿಯ ಜೂನೊ ದೇವಿಯ ಗುಡಿಯಲ್ಲಿ, ತನ್ನ ಕಾರ್ಯವನ್ನು ಪ್ಯೂನಿಕ್ ಮತ್ತು ಗ್ರೀಕ್ ಭಾಷೆಗಳಲ್ಲಿ ಕಂಚಿನ ಮೇಲೆ ಕೆತ್ತಿಸಿ ಇಟ್ಟ. ಎಷ್ಟೋ ವರ್ಷಗಳ ನಂತರ ಇತಿಹಾಸಕಾರ ಪಾಲಿಬಿಯಸ್ ಅಲ್ಲಿಗೆ ಹೋಗಿ, ಆ ಹಲಗೆಯನ್ನು ಕಣ್ಣಾರೆ ಓದಿ, ಅಂಕಿಗಳನ್ನು ಬರೆದುಕೊಂಡ. ಇಟಲಿಗೆ ಕಾಲಿಟ್ಟಾಗ ಹ್ಯಾನಿಬಲ್‌ನ ಬಳಿ ಇದ್ದದ್ದು 12,000 ಆಫ್ರಿಕನ್ ಮತ್ತು 8,000 ಐಬೀರಿಯನ್ ಕಾಲಾಳು, ಕುದುರೆಸವಾರರು 6,000 ಮೀರಲಿಲ್ಲ. ಹೀಗೆ ಅಂಕಿಗಳನ್ನು ಬಿಟ್ಟುಹೋದ ದಳಪತಿಯ ಮನಸ್ಸು ನಮ್ಮನ್ನು ಬಹಳವಾಗಿ ಕಾಡುತ್ತದೆ. ಎರಡೆರಡು ಭಾಷೆಯಲ್ಲಿ ಬರೆಸಿದ್ದನ್ನು ನೋಡಿದರೆ, ತನ್ನ ಊರಿನ ಪುಸ್ತಕಗಳಿಗೆ ಮುಂದೆ ಬರುವ ಗತಿ ಅವನಿಗೆ ಎಲ್ಲೋ ಹೊಳೆದಿತ್ತೇನೋ ಎನಿಸುತ್ತದೆ. ಆ ಕಂಚಿನ ಹಲಗೆಯೂ ಈಗಿಲ್ಲ.

ಸ್ಪೇನ್, ಪೋರ್ಚುಗಲ್ ಕಡೆಯ ಕಥೆಗಳಲ್ಲಿ ಇಷ್ಟೂ ಉಳಿದಿಲ್ಲ. ಶರಣಾಗಿ ಬನ್ನಿ, ಹೊಲ ಕೊಡುತ್ತೇವೆ ಎಂದು ಕರೆದು ಲುಸಿಟಾನಿಯನ್ನರನ್ನು ಕ್ರಿ.ಪೂ. 150ರಲ್ಲಿ ರೋಮನ್ ಅಧಿಕಾರಿ ಗಾಲ್ಬಾ ಕಗ್ಗೊಲೆ ಮಾಡಿದ. ಅದರಿಂದ ತಪ್ಪಿಸಿಕೊಂಡ ವಿರಿಯಾಥಸ್ ಎಂಬ ಕುರಿಗಾಹಿ ವರ್ಷಗಟ್ಟಲೆ ರೋಮನ್ ಸೇನೆಗಳನ್ನು ಬೆಟ್ಟದಿಂದ ಬೆಟ್ಟಕ್ಕೆ ಅಲೆದಾಡಿಸಿದ. ಯುದ್ಧದಲ್ಲಿ ಅವನನ್ನು ಮುಟ್ಟಲಾಗಲಿಲ್ಲ. ಸಂಧಾನಕ್ಕೆಂದು ಅವನೇ ಕಳಿಸಿದ್ದ ಮೂವರು ಗೆಳೆಯರಿಗೆ ಲಂಚ ಕೊಟ್ಟು ಕ್ರಿ.ಪೂ. 139ರಲ್ಲಿ ಮಲಗಿದ್ದಲ್ಲೇ ಕೊಲ್ಲಿಸಲಾಯಿತು. ಆರು ವರ್ಷಗಳ ನಂತರ ನುಮಾಂಷಿಯಾ ಎಂಬ ಬೆಟ್ಟದೂರು ಬಿತ್ತು. ಕಾರ್ಥೇಜನ್ನು ಸುಟ್ಟ ಅದೇ ಸ್ಕಿಪಿಯೊ ಆ ಊರಿನ ಸುತ್ತ ಗೋಡೆ ಕಟ್ಟಿ, ಹಸಿವಿಗೆ ಬಿಟ್ಟು ಮುಗಿಸಿದ. ಆ ಊರಿನವರು ಆಡಿದ ಒಂದು ಮಾತೂ ನಮ್ಮ ಬಳಿ ಇಲ್ಲ.

ಗುಲಾಮರ ದಂಗೆಗಳಿಗೆ ಬಂದರೆ ಒಂದು ಪುಟ್ಟ ತಾಮ್ರದ ಬಣ್ಣದ ಬಿಲ್ಲೆಯ ಮುಂದೆ ನಿಲ್ಲಬೇಕಾಗುತ್ತದೆ. ಕ್ರಿ.ಪೂ. 135ರಲ್ಲಿ ಸಿಸಿಲಿಯ ದೊಡ್ಡ ಜಮೀನುಗಳಲ್ಲಿ ದುಡಿಯುತ್ತಿದ್ದ ಗುಲಾಮರು ಎದ್ದರು. ನಾಯಕ ಯೂನಸ್, ಸಿರಿಯಾದ ಅಪಾಮಿಯಾದವನು. ಬಾಯಿಂದ ಬೆಂಕಿ ಉಗುಳುವ ಕಣ್ಕಟ್ಟಿನ ಬೂಟಾಟಿಕೆಯವ ಎಂದು ಪುಸ್ತಕಗಳು ಅವನನ್ನು ಹೀಯಾಳಿಸುತ್ತವೆ. ಅವನು ತನ್ನನ್ನು ಆಂಟಿಯೋಕಸ್ ರಾಜನೆಂದು ಕರೆದುಕೊಂಡ, ಎನ್ನಾ ಊರಿನಲ್ಲಿ ನಾಣ್ಯ ಹೊಡೆಸಿದ. ಆ ಕಂಚಿನ ನಾಣ್ಯ ಸಿಕ್ಕಿದೆ. ಒಂದು ಕಡೆ ಸೆರಗು ಹೊದ್ದ ಧಾನ್ಯದೇವತೆ ಡಿಮೀಟರಳ ತಲೆ, ಇನ್ನೊಂದು ಕಡೆ ಗೋದಿಯ ತೆನೆ, ಪಕ್ಕದಲ್ಲಿ ರಾಜ ಆಂಟಿಯೋಕಸ್ ಎಂಬುದರ ಮೊದಲಕ್ಷರಗಳು. ರೋಮಿಗೆ ಸಾಗುತ್ತಿದ್ದ ಗೋದಿಯನ್ನು ಬಿತ್ತಿ, ಕೊಯ್ದು, ಒಕ್ಕಿ, ತಾವು ಅರೆಹೊಟ್ಟೆಯಲ್ಲಿದ್ದವರು ತಮ್ಮದೇ ನಾಣ್ಯ ಮಾಡುವ ದಿನ ಬಂದಾಗ ಅದರ ಮೇಲೆ ಕೆತ್ತಿದ್ದು ಆ ತೆನೆಯನ್ನೇ. ಯೂನಸ್‌ನನ್ನು ಹಂಗಿಸುವ ಪುಟಗಳೆಲ್ಲ ಒಂದು ಕಡೆ, ಈ ಒಂದು ತೆನೆ ಇನ್ನೊಂದು ಕಡೆ ಇಟ್ಟು ತೂಗಿದರೆ ನಮ್ಮ ತಕ್ಕಡಿ ತೆನೆಯ ಕಡೆಗೇ ವಾಲುತ್ತದೆ.

ಸ್ಪಾರ್ಟಕಸ್ ಎಲ್ಲರಿಗೂ ಗೊತ್ತು. ಹೊವರ್ಡ್ ಫಾಸ್ಟ್‌ನ ಕಾದಂಬರಿ, 1960ರ ಸಿನಿಮಾ ಅವನನ್ನು ಮನೆಮನೆಗೆ ಮುಟ್ಟಿಸಿವೆ. ಕ್ರಿ.ಪೂ. 73ರಲ್ಲಿ ಕಪುವಾದ ಮಲ್ಲಶಾಲೆಯಿಂದ ತಪ್ಪಿಸಿಕೊಂಡ ಎಪ್ಪತ್ತು ಚಿಲ್ಲರೆ ಮಂದಿಯ ಕೈಯಲ್ಲಿದ್ದದ್ದು ಅಡುಗೆಮನೆಯಿಂದ ಎತ್ತಿಕೊಂಡ ಮಾಂಸ ಕೊಚ್ಚುವ ಕತ್ತಿ, ಮಾಂಸ ಸುಡುವ ಕಬ್ಬಿಣದ ಸಲಾಕೆ. ವೆಸೂವಿಯಸ್ ಬೆಟ್ಟದ ಮೇಲೆ ಸುತ್ತುಗಟ್ಟಿದಾಗ ಕಾಡು ದ್ರಾಕ್ಷಿಯ ಬಳ್ಳಿಗಳನ್ನು ಹೆಣೆದು ಏಣಿ ಮಾಡಿ, ಕಡಿದಾದ ಕಡೆಯಿಂದ ಇಳಿದು, ಸುಳಿವೇ ಇಲ್ಲದ ರೋಮನ್ನರ ಬೆನ್ನ ಮೇಲೆ ಬಿದ್ದರು. ನಮಗೆ ಹೆಚ್ಚು ಮುಖ್ಯವೆನಿಸುವುದು ಅಪ್ಪಿಯನ್ ಬರೆದಿಟ್ಟ ಇನ್ನೊಂದು ಸಂಗತಿ. ಕೊಳ್ಳೆ ಹೊಡೆದದ್ದನ್ನು ಸ್ಪಾರ್ಟಕಸ್ ಎಲ್ಲರಿಗೂ ಸಮನಾಗಿ ಹಂಚುತ್ತಿದ್ದ. ವ್ಯಾಪಾರಿಗಳು ಚಿನ್ನ ಬೆಳ್ಳಿ ತರಕೂಡದು, ಕಬ್ಬಿಣ ತಾಮ್ರ ಮಾತ್ರ ತರಬೇಕೆಂದು ಕಟ್ಟು ಮಾಡಿದ್ದ. ರೋಮಿನ ಪಕ್ಷದ ಬರಹಗಾರನೊಬ್ಬ ಬೇಡವೆಂದರೂ ಬಿಟ್ಟುಕೊಟ್ಟ ಸತ್ಯ ಇದು. ಕ್ರಿ.ಪೂ. 71ರಲ್ಲಿ ಸ್ಪಾರ್ಟಕಸ್ ಕಣದಲ್ಲಿ ಬಿದ್ದ, ಅವನ ಹೆಣ ಸಿಗಲಿಲ್ಲ. ಸೆರೆಸಿಕ್ಕ 6,000 ಮಂದಿಯನ್ನು ಕಪುವಾದಿಂದ ರೋಮಿನವರೆಗೆ ಹೆದ್ದಾರಿಯ ಉದ್ದಕ್ಕೂ ಶಿಲುಬೆಗೆ ಏರಿಸಿದರು. ಸುಮಾರು 200 ಕಿಲೋಮೀಟರ್ ದಾರಿ. ಲೆಕ್ಕ ಹಾಕಿದರೆ ಮೂವತ್ತು ಚಿಲ್ಲರೆ ಮೀಟರಿಗೊಂದು ಶಿಲುಬೆ. ಒಂದರ ಬುಡದಲ್ಲಿ ನಿಂತವನಿಗೆ ಮುಂದಿನದರ ಮೇಲಿದ್ದವನ ಮುಖ ಕಾಣುತ್ತಿತ್ತು. ಸ್ಪಾರ್ಟಕಸ್‌ನ ಹೆಂಡತಿ ಅವನ ಕುಲದವಳೇ, ಕಣಿ ಹೇಳುತ್ತಿದ್ದವಳು, ಅವನೊಂದಿಗೇ ಓಡಿಬಂದವಳು ಎಂದು ಪ್ಲುಟಾರ್ಕ್ ಹೇಳುತ್ತಾನೆ. ಆಕೆಯ ಹೆಸರು ಹೇಳುವುದಿಲ್ಲ.

ಇದಕ್ಕೂ ಮೊದಲು, ಕ್ರಿ.ಪೂ. 91ರಲ್ಲಿ, ಇಟಲಿಯೊಳಗಿನ ಮಿತ್ರಕುಲಗಳೇ ರೋಮಿನ ಮೇಲೆ ತಿರುಗಿಬಿದ್ದಿದ್ದವು. ರೋಮಿಗಾಗಿ ತಲೆಮಾರುಗಳಿಂದ ರಕ್ತ ಸುರಿಸಿದರೂ ಪೌರತ್ವವಿಲ್ಲ ಎಂಬುದು ಅವರ ಅಳಲು. ಅವರು ಹೊಡೆಸಿದ ಬೆಳ್ಳಿ ನಾಣ್ಯದಲ್ಲಿ ಗೂಳಿಯೊಂದು ತೋಳವನ್ನು ಕೊಂಬಿನಿಂದ ತಿವಿಯುತ್ತಿದೆ. ತೋಳ ರೋಮಿನ ಗುರುತು. ಕೆಲವು ನಾಣ್ಯಗಳಲ್ಲಿ ಇಟಲಿ ಎಂಬ ಹೆಸರು ಅವರದೇ ಆಸ್ಕನ್ ನುಡಿಯಲ್ಲಿ, ಬಲದಿಂದ ಎಡಕ್ಕೆ ಬರೆದ ಲಿಪಿಯಲ್ಲಿ, ವಿಟೆಲಿಯು ಎಂದಿದೆ. ಕಣದಲ್ಲಿ ಅವರು ಸೋತರು, ಆದರೆ ಕೇಳಿದ್ದ ಪೌರತ್ವವನ್ನು ರೋಮ್ ಕೊಡಬೇಕಾಯಿತು. ಪೌರತ್ವ ಬಂತು, ಆಸ್ಕನ್ ನುಡಿ ಹೋಯಿತು. ಕೆಲವು ತಲೆಮಾರುಗಳಲ್ಲಿ ಎಲ್ಲರೂ ಲ್ಯಾಟಿನ್ ಆಡತೊಡಗಿದರು. ಭಾಷೆಯ ಮೇಲೆ ಜೀವ ಇಟ್ಟುಕೊಂಡ ನಮಗೆ ಇದು ಲಾಭವೋ ನಷ್ಟವೋ ಹೇಳುವುದು ಕಷ್ಟ.

ಗಾಲ್ ದೇಶದ ಯುದ್ಧವನ್ನು ಗೆದ್ದವನೇ ಕೂತು ಬರೆದ. ಸೀಸರನ ಬರವಣಿಗೆ ಎಷ್ಟು ತಿಳಿಯೆಂದರೆ ಓದುವಾಗ ನಾವು ಅವನ ಪಕ್ಕದಲ್ಲೇ ನಿಂತುಬಿಡುತ್ತೇವೆ. ಆದ್ದರಿಂದಲೇ ಕ್ರಿ.ಪೂ. 52ರ ಅಲೇಸಿಯಾದ ಮುತ್ತಿಗೆಯಲ್ಲಿ ಒಂದು ಕಡೆ ನಿಲ್ಲಬೇಕು. ಬೆಟ್ಟದ ಮೇಲಿನ ಊರಿನಲ್ಲಿ ಗಾಲರ ನಾಯಕ ವರ್ಸಿಂಜೆಟೊರಿಕ್ಸ್ ತನ್ನ ಸೇನೆಯೊಂದಿಗೆ ಸಿಕ್ಕಿಬಿದ್ದಿದ್ದ. ಸೀಸರ್ ಊರಿನ ಸುತ್ತ ಹತ್ತಿರ ಹತ್ತಿರ 16 ಕಿಲೋಮೀಟರಿನ ಒಂದು ಕೋಟೆಸಾಲು, ಹೊರಗಿನಿಂದ ಬರುವ ನೆರವನ್ನು ತಡೆಯಲು ಸುಮಾರು 21 ಕಿಲೋಮೀಟರಿನ ಇನ್ನೊಂದು ಸಾಲು ಹಾಕಿಸಿದ್ದ. ಒಳಗೆ ಕಾಳು ಮುಗಿಯಿತು. ಆ ಊರು ನಿಜಕ್ಕೂ ಮಂಡೂಬಿ ಎಂಬ ಕುಲದವರದು. ಸೇನೆಯನ್ನು ಒಳಗೆ ಬಿಟ್ಟುಕೊಂಡವರು ಅವರು. ಈಗ ಅವರನ್ನೇ, ಹೆಂಡಿರು ಮಕ್ಕಳ ಸಮೇತ, ಊರ ಬಾಗಿಲಿನಿಂದ ಹೊರಗೆ ದಬ್ಬಲಾಯಿತು. ಅವರು ರೋಮನ್ನರ ಗೋಡೆಯವರೆಗೆ ಬಂದು, ನಮ್ಮನ್ನು ಗುಲಾಮರಾಗಿಯಾದರೂ ತೆಗೆದುಕೊಳ್ಳಿ, ತಿನ್ನಲು ಕೊಡಿ ಎಂದು ಅಳುತ್ತ ಬೇಡಿದರು. ಸೀಸರ್ ಗೋಡೆಯ ಮೇಲೆ ಕಾವಲಿಟ್ಟು ಒಳಗೆ ಬಿಡಲಿಲ್ಲ. ಆ ಒಂದು ವಾಕ್ಯ ಬರೆದು ಅವನು ಯುದ್ಧದ ಮಾತಿಗೆ ಹೊರಳಿಕೊಳ್ಳುತ್ತಾನೆ. ಆಮೇಲೆ ಅವರ ಗತಿ ಏನಾಯಿತೆಂದು ಹೇಳುವ ಗೋಜಿಗೆ ಹೋಗುವುದಿಲ್ಲ. ಎರಡು ಸೇನೆಗಳ ನಡುವಿನ ಬಯಲಿನಲ್ಲಿ ಅವರು ಸತ್ತರೆಂದು ಮುಂದಿನ ಶತಮಾನಗಳಲ್ಲಿ ಇತಿಹಾಸಕಾರ ಡಿಯೊ ಬರೆದ.

ಅವರನ್ನು ಹೊರಗೆ ದಬ್ಬಿದ್ದು ರೋಮ್ ಅಲ್ಲ, ಸ್ವಾತಂತ್ರ್ಯಕ್ಕಾಗಿ ಹೋರಾಡುತ್ತಿದ್ದವರೇ ಎಂಬುದನ್ನು ನಾವು ಮರೆಮಾಚಬಾರದು. ಪಾಂಟಸ್‌ನ ಮಿತ್ರದಾತ ಅರಸ ಕ್ರಿ.ಪೂ. 88ರಲ್ಲಿ ಏಷ್ಯಾ ಮೈನರಿನ ಊರೂರಿನಲ್ಲಿದ್ದ ಇಟಲಿಯವರನ್ನು, ಹೆಂಗಸರು ಮಕ್ಕಳೆನ್ನದೆ, ಗೊತ್ತುಮಾಡಿದ ದಿನ ಕೊಲ್ಲಿಸಿದ. ಸತ್ತವರು 80,000 ಎಂದು ಪ್ರಾಚೀನರು ಹೇಳುತ್ತಾರೆ. ರೋಮನ್ನು ಎದುರಿಸಿದವರೆಲ್ಲ ಪುಣ್ಯವಂತರೆಂದು ಒಪ್ಪಿಸುವುದು ಈ ಲೇಖನಿಯ ಕೆಲಸವಲ್ಲ. ಅವರು ಬೆಲೆ ತೆತ್ತ ಮನುಷ್ಯರು. ಆ ಬೆಲೆಯ ಒಂದು ಪಾಲನ್ನು ತಮಗಿಂತ ಬಡವರ ಮೇಲೆ ಹೇರಿದವರೂ ಅವರಲ್ಲಿದ್ದರು.

ದಂಗೆಗಳಿಗೆ ಕಾರಣವೇನು? ಕೇಳಿದ್ದು ರೋಮನ್ ದಂಡನಾಯಕ, ಮುಂದೆ ಚಕ್ರವರ್ತಿಯಾದ ಟೈಬೀರಿಯಸ್, ಉತ್ತರ ಕೊಟ್ಟದ್ದು ಬಾಟೊ. ಇಂದಿನ ಬೋಸ್ನಿಯಾ, ಕ್ರೊಯೇಷಿಯಾ ಕಡೆ ಕ್ರಿ.ಶ. 6ರಿಂದ 9ರವರೆಗೆ ನಡೆದ ದೊಡ್ಡ ದಂಗೆಯ ನಾಯಕ ಈ ಬಾಟೊ. ಶರಣಾಗಿ ಬಂದಾಗ, ಇಷ್ಟು ಕಾಲ ಏಕೆ ಕಾದಾಡಿದೆ ಎಂದು ಟೈಬೀರಿಯಸ್ ಕೇಳಿದ. ಮಂದೆ ಕಾಯಲು ನಾಯಿಯನ್ನೋ ಕುರುಬನನ್ನೋ ಕಳಿಸದೆ ತೋಳಗಳನ್ನು ಕಳಿಸಿದ ನೀವೇ ಇದಕ್ಕೆ ಹೊಣೆ ಎಂದನಂತೆ ಬಾಟೊ. ಬೇಲಿಯೇ ಎದ್ದು ಹೊಲ ಮೇಯ್ದರೆ ಎಂದು ನಮ್ಮ ಹಳ್ಳಿಯವರು ಹೇಳುವ ಮಾತೇ ಅದು. ದಂಡು ಬಂದು ಗೆದ್ದ ದಿನ ಯಾರೂ ದಂಗೆ ಏಳುವುದಿಲ್ಲ. ಗೆದ್ದು ಹತ್ತಿಪ್ಪತ್ತು ವರ್ಷವಾದ ಮೇಲೆ ಕಂದಾಯದವನು ಬರುತ್ತಾನೆ, ಜನಗಣತಿ ನಡೆಯುತ್ತದೆ, ಸಾಲ ಕೊಡುವವನು ಚೀಲ ಹೊತ್ತು ಬರುತ್ತಾನೆ, ಗಂಡುಮಕ್ಕಳನ್ನು ಸೇನೆಗೆ ಎಳೆದೊಯ್ಯುತ್ತಾರೆ. ಆಗ ಏಳುತ್ತಾರೆ. ಬಾಟೊನ ನಾಡಿನಲ್ಲೂ ಜರ್ಮನಿಯಲ್ಲೂ ಬ್ರಿಟನ್ನಿನಲ್ಲೂ ನಡೆದದ್ದು ಹೀಗೆಯೇ.

ಆ ಟೈಬೀರಿಯಸ್‌ನ ಮುಖ ನಮಗೆ ಅಪರಿಚಿತವಲ್ಲ. ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ಅಗೆದಾಗ ಅಗಸ್ಟಸ್, ಟೈಬೀರಿಯಸ್ ಕಾಲದ ಬೆಳ್ಳಿ ನಾಣ್ಯಗಳು ಸಿಕ್ಕಿವೆ. ದಕ್ಷಿಣ ಭಾರತದಲ್ಲಿ ಸಿಗುವ ಈ ಬಗೆಯ ನಾಣ್ಯಗಳನ್ನು ಹೊಡೆದ ದೊಡ್ಡ ಟಂಕಸಾಲೆ ಗಾಲ್ ದೇಶದ ಲಿಯೋನ್‌ನಲ್ಲಿತ್ತು. ಅಲೇಸಿಯಾ ಬಿದ್ದ ನಾಡಿನಲ್ಲಿ ಅಚ್ಚಾದ ಬೆಳ್ಳಿ ಮೆಣಸಿಗೋ ಮಣಿಗೋ ಬೆಲೆಯಾಗಿ ಸಮುದ್ರ ದಾಟಿ ನಮ್ಮ ಬಯಲುಸೀಮೆಯವರೆಗೆ ಬಂದಿತ್ತು. ಗಾಜಿನ ಪೆಟ್ಟಿಗೆಯಲ್ಲಿ ಇಂಥ ನಾಣ್ಯ ನೋಡುವಾಗ ರೋಮಿನೊಂದಿಗೆ ನಮಗಿದ್ದ ವ್ಯಾಪಾರದ ಬಗ್ಗೆ ಹೆಮ್ಮೆ ಪಡುತ್ತೇವೆ. ಪಡೋಣ. ಬಾಟೊನ ಉತ್ತರ ಕೇಳಿಸಿಕೊಂಡ ಮುಖ ಅದು ಎಂಬುದೂ ಆಗ ನೆನಪಿಗೆ ಬರಲಿ.

ಬಾಟೊ ಶರಣಾದ ವರ್ಷವೇ, ಕ್ರಿ.ಶ. 9ರಲ್ಲಿ, ಜರ್ಮನಿಯ ಟ್ಯೂಟೊಬರ್ಗ್ ಕಾಡಿನಲ್ಲಿ ಆರ್ಮಿನಿಯಸ್ ಮೂರು ರೋಮನ್ ಲೀಜನ್‌ಗಳನ್ನು ಇಲ್ಲವಾಗಿಸಿದ. ಅವನು ರೋಮಿನ ಪೌರ, ರೋಮನ್ ಸೇನೆಯಲ್ಲಿ ದಳ ನಡೆಸಿದವನು. ಅವನ ಒಡಹುಟ್ಟಿದ ಫ್ಲಾವಸ್ ಕೊನೆಯವರೆಗೂ ರೋಮಿನ ಕಡೆಯೇ ಇದ್ದ, ರೋಮಿಗಾಗಿ ಒಂದು ಕಣ್ಣು ಕಳೆದುಕೊಂಡಿದ್ದ. ಕ್ರಿ.ಶ. 16ರಲ್ಲಿ ವೇಸರ್ ನದಿಯ ಆ ದಡದಲ್ಲಿ ಒಬ್ಬ, ಈ ದಡದಲ್ಲಿ ಒಬ್ಬ ನಿಂತು ಕೂಗಿ ಮಾತಾಡಿದ್ದನ್ನು ರೋಮನ್ ಇತಿಹಾಸಕಾರ ಟ್ಯಾಸಿಟಸ್ ಬರೆದಿದ್ದಾನೆ. ಕಣ್ಣಿಗೆ ಬದಲಾಗಿ ಏನು ಸಿಕ್ಕಿತು ಎಂದು ಅಣ್ಣ ಕೇಳುತ್ತಾನೆ. ಹೆಚ್ಚಿದ ಸಂಬಳ, ಕೊರಳ ಸರ, ಕಿರೀಟ ಎಂದು ತಮ್ಮ ಎಣಿಸುತ್ತಾನೆ. ಇಷ್ಟು ಅಗ್ಗಕ್ಕೆ ಗುಲಾಮನಾದೆಯಾ ಎಂದು ಅಣ್ಣ ನಗುತ್ತಾನೆ. ಮಾತು ಬೆಳೆದು ಇಬ್ಬರೂ ನದಿಗೆ ಇಳಿಯುವಷ್ಟು ಸಿಟ್ಟಾಗುತ್ತಾರೆ, ಫ್ಲಾವಸ್‌ನನ್ನು ಪಕ್ಕದವರು ಹಿಡಿದು ನಿಲ್ಲಿಸುತ್ತಾರೆ. ಪರರಾಜ್ಯದ ಆಳ್ವಿಕೆ ಕಂಡ ಯಾವ ಮನೆಗಾದರೂ ಈ ದೃಶ್ಯ ಹೊಸತಲ್ಲ. ಆರ್ಮಿನಿಯಸ್‌ನನ್ನು ಕ್ರಿ.ಶ. 21ರಲ್ಲಿ ಕೊಂದದ್ದು ಅವನ ನೆಂಟರೇ. ಅವನ ಬಗ್ಗೆ ತನ್ನ ಕಾಲದಲ್ಲೂ ಅವನ ಜನ ಹಾಡುತ್ತಿದ್ದರು ಎಂದು ಟ್ಯಾಸಿಟಸ್ ಹೇಳುತ್ತಾನೆ. ಆ ಹಾಡಿನ ಒಂದು ಪದವೂ ನಮಗೆ ದಕ್ಕಿಲ್ಲ.

ಬ್ರಿಟನ್ನಿನ ಇಸೆನಿ ಕುಲದ ಅರಸ ಸಾಯುವಾಗ ರಾಜ್ಯದ ಒಂದು ಪಾಲನ್ನು ಚಕ್ರವರ್ತಿ ನೀರೋಗೆ, ಉಳಿದದ್ದನ್ನು ತನ್ನಿಬ್ಬರು ಹೆಣ್ಣುಮಕ್ಕಳಿಗೆ ಬರೆದಿಟ್ಟ. ಅಧಿಕಾರಿಗಳು ಉಯಿಲನ್ನು ಮೂಲೆಗೆಸೆದು ಎಲ್ಲವನ್ನೂ ಸುಲಿದರು. ವಿಧವೆ ಬೌಡಿಕಾಳಿಗೆ ಚಾವಟಿಯೇಟು ಬಿತ್ತು, ಹೆಣ್ಣುಮಕ್ಕಳ ಮೇಲೆ ಅತ್ಯಾಚಾರವಾಯಿತು. ಆ ಇಬ್ಬರು ಹುಡುಗಿಯರ ಹೆಸರೂ ಯಾವ ಪುಸ್ತಕದಲ್ಲೂ ಇಲ್ಲ. ಕ್ರಿ.ಶ. 60ರ ವೇಳೆಗೆ ಬೌಡಿಕಾ ಎದ್ದಳು. ಇಂದಿನ ಕೊಲ್ಚೆಸ್ಟರ್, ಲಂಡನ್, ಸೇಂಟ್ ಆಲ್ಬನ್ಸ್ ಉರಿದವು. ಕೊಲ್ಚೆಸ್ಟರ್, ಲಂಡನ್ ನೆಲ ಅಗೆದರೆ ಈಗಲೂ ಸುಟ್ಟ ಕೆಂಪು ಮಣ್ಣಿನ ಪದರವೊಂದು ಸಿಗುತ್ತದೆ. ಬೌಡಿಕಾಳ ಕೈಬರಹ ಎಂದು ಕರೆಯಬಹುದಾದದ್ದು ಅದೊಂದೇ. ಆ ಬೆಂಕಿಯಲ್ಲಿ ಸತ್ತವರಲ್ಲಿ ದಲ್ಲಾಳಿಗಳೂ ಇದ್ದರು, ಏನೂ ಅರಿಯದ ಕೂಸುಗಳೂ ಇದ್ದವು.

ದಂಗೆ ಅಡಗಿದ ಮೇಲೆ ರಾಜ್ಯಪಾಲ ಸ್ವೆಟೋನಿಯಸ್ ಊರೂರು ಸುತ್ತಿ ಸೇಡು ತೀರಿಸಿಕೊಳ್ಳುತ್ತಿದ್ದ. ಆಗ ಹೊಸದಾಗಿ ಬಂದ ಹಣಕಾಸಿನ ಅಧಿಕಾರಿ ಕ್ಲಾಸಿಸಿಯಾನಸ್, ಈ ಮನುಷ್ಯ ಇರುವತನಕ ಯುದ್ಧ ಮುಗಿಯದು, ಇವನನ್ನು ಬದಲಿಸಿ ಎಂದು ರೋಮಿಗೆ ಬರೆದ. ವಿಚಾರಣೆಯಾಗಿ, ಸ್ವೆಟೋನಿಯಸ್ ಹೋಗಬೇಕಾಯಿತು. ಟ್ಯಾಸಿಟಸ್ ಈ ಅಧಿಕಾರಿಯನ್ನು ಸ್ವಂತ ಹಗೆ ಸಾಧಿಸಿದವನೆಂದು ಬೈಯುತ್ತಾನೆ. ಕ್ಲಾಸಿಸಿಯಾನಸ್ ಸತ್ತದ್ದು ಲಂಡನ್ನಿನಲ್ಲೇ. ಹೆಂಡತಿ ಜೂಲಿಯಾ ಪಕಾಟಾ ನಿಲ್ಲಿಸಿದ ಅವನ ಸಮಾಧಿಯ ಕಲ್ಲುಗಳು ಗೋಡೆಯೊಂದರಲ್ಲಿ ಮರುಬಳಕೆಯಾಗಿ ಸಿಕ್ಕಿವೆ. ರೋಮನ್ನು ಎದುರಿಸಿದವರ ಪಟ್ಟಿಯಲ್ಲಿ ಅವನ ಹೆಸರಿಲ್ಲ. ಕುರ್ಚಿಯಲ್ಲಿ ಕೂತೇ ಸಾಕು ಎಂದವನು ಅವನು. ನಮ್ಮ ಪಟ್ಟಿಯಲ್ಲಿ ಅವನಿಗೊಂದು ಸಾಲು ಕೊಡುತ್ತೇವೆ.

ಈ ಸೋತವರಿಗೆ 19ನೇ ಶತಮಾನದಿಂದೀಚೆಗೆ ಇದ್ದಕ್ಕಿದ್ದಂತೆ ಪ್ರತಿಮೆಗಳು ಎದ್ದವು. ಅಲೇಸಿಯಾದಲ್ಲಿ ಮೂರನೇ ನೆಪೋಲಿಯನ್ 1865ರಲ್ಲಿ ವರ್ಸಿಂಜೆಟೊರಿಕ್ಸ್‌ನನ್ನು ನಿಲ್ಲಿಸಿದ. ಜರ್ಮನಿಯ ಡೆಟ್‌ಮೋಲ್ಡ್ ಬಳಿ 1875ರಲ್ಲಿ ಆರ್ಮಿನಿಯಸ್ ಖಡ್ಗ ಎತ್ತಿ ನಿಂತ. ಲಂಡನ್ನಿನ ವೆಸ್ಟ್‌ಮಿನ್‌ಸ್ಟರ್ ಸೇತುವೆಯ ಬಳಿ 1902ರಲ್ಲಿ ಬೌಡಿಕಾ ರಥವೇರಿದಳು. ಆ ಪೀಠದ ಮೇಲೆ ಕವಿ ಕೌಪರ್‌ನ ಸಾಲುಗಳಿವೆ. ಸೀಸರ್ ಕಂಡರಿಯದ ಸೀಮೆಗಳನ್ನೂ ನಿನ್ನ ಸಂತತಿ ಆಳುವುದು ಎಂಬ ಭಾವ ಅವುಗಳದು. ಸೀಸರ್ ಕಂಡರಿಯದ ಆ ಸೀಮೆಗಳಲ್ಲಿ ಆ ವರ್ಷ ನಮ್ಮದೂ ಒಂದಾಗಿತ್ತು. ಉಯಿಲನ್ನು ಮೂಲೆಗೆಸೆದದ್ದಕ್ಕೆ ಎದ್ದ ವಿಧವೆಯನ್ನು, ದತ್ತುಪುತ್ರನ ಹಕ್ಕನ್ನು ಮೂಲೆಗೆಸೆದು ಕಿತ್ತೂರನ್ನು ನುಂಗಿದ ಸಾಮ್ರಾಜ್ಯ ತನ್ನ ಕುಲದೇವತೆಯಾಗಿ ಮಾಡಿಕೊಂಡಿತು. ಇದನ್ನು ನಾವು ಕ್ಷಮಿಸಲಾರೆವು. ಬದುಕಿದ್ದಾಗ ಒಮ್ಮೆ ಸೋತವರನ್ನು ಹೀಗೆ ಎರಡನೆಯ ಸಲ ಸೆರೆಹಿಡಿದಂತಾಯಿತು.

ಆದ್ದರಿಂದ ಪ್ರತಿಮೆಯಿಲ್ಲದ ಕಡೆಗೆ, ಮೃತಸಮುದ್ರದ ಪಕ್ಕದ ಒಂದು ಗುಹೆಗೆ ಹೋಗಬೇಕು. ಕ್ರಿ.ಶ. 132ರಿಂದ 135ರವರೆಗೆ ಬಾರ್ ಕೊಖ್ಬಾ ನಡೆಸಿದ ದಂಗೆ ಜುದೇಯದಲ್ಲಿ ರೋಮಿನ ವಿರುದ್ಧ ನಡೆದ ಕೊನೆಯ ಮಹಾಯುದ್ಧ. 50 ಕೋಟೆ, 985 ಹಳ್ಳಿ ನಾಶವಾದವು, 5,80,000 ಜನ ಕಾದಾಟದಲ್ಲೇ ಸತ್ತರು ಎಂದು ಡಿಯೊ ಹೇಳುತ್ತಾನೆ. ಅಂಕಿ ಎಷ್ಟೇ ಉತ್ಪ್ರೇಕ್ಷೆಯಾಗಿದ್ದರೂ ನಾಡಿನ ಹೆಸರನ್ನೇ ಚಕ್ರವರ್ತಿ ಹ್ಯಾಡ್ರಿಯನ್ ಬದಲಿಸಿದ್ದು ನಿಜ. ಈ ದಂಗೆಕೋರರು ಹೊಸ ನಾಣ್ಯ ಎರಕ ಹೊಯ್ಯಲಿಲ್ಲ. ಚಲಾವಣೆಯಲ್ಲಿದ್ದ ರೋಮನ್ ನಾಣ್ಯಗಳನ್ನೇ ತೆಗೆದುಕೊಂಡು, ಚಕ್ರವರ್ತಿಯ ಮುಖದ ಮೇಲೆ ಜೆರುಸಲೇಮಿನ ದೇಗುಲವನ್ನು, ದ್ರಾಕ್ಷಿ ಗೊಂಚಲನ್ನು, ಖರ್ಜೂರದ ಮರವನ್ನು ಒತ್ತಿದರು. ಕೆಲವದರಲ್ಲಿ ಕೆಳಗಿನ ಮೂಗು, ಗಲ್ಲ ಇನ್ನೂ ಇಣುಕುತ್ತವೆ.

1960ರಲ್ಲಿ ಯಿಗಾಯೆಲ್ ಯಾದಿನ್ ಅವರ ತಂಡ ನಹಲ್ ಹೆವೆರ್ ಕಣಿವೆಯ ಗುಹೆಯಲ್ಲಿ ಕಾಗದಗಳ ಕಂತೆ ಕಂಡಿತು. ಬಾರ್ ಕೊಖ್ಬಾನ ಪತ್ರಗಳು. ಅವನ ನಿಜವಾದ ಹೆಸರು ಶಿಮೋನ್ ಬರ್ ಕೊಸಿಬಾ ಎಂಬುದೂ ಗಟ್ಟಿಯಾಗಿ ತಿಳಿದದ್ದು ಇಂಥ ಪತ್ರಗಳಿಂದ. ಸೇನಾಪತಿಯ ಘೋಷಣೆಗಳು ಅಲ್ಲಿ ಸಿಗುವುದಿಲ್ಲ. ಏನ್ ಗೆದಿ ಊರಿನವರು ಸುಖವಾಗಿ ತಿಂದು ಕುಡಿದು ಕೂತಿದ್ದೀರಿ, ಅಣ್ಣತಮ್ಮಂದಿರ ಚಿಂತೆಯೇ ಇಲ್ಲ ಎಂದು ಒಂದರಲ್ಲಿ ಗದರುತ್ತಾನೆ. ಇನ್ನೊಂದು ಪತ್ರ ಹಬ್ಬದ್ದು. ಪರ್ಣಶಾಲೆಗಳ ಹಬ್ಬಕ್ಕೆ ಖರ್ಜೂರದ ಗರಿ, ಮಾದಲ ಹಣ್ಣು ತರಲು ಎರಡು ಕತ್ತೆ ಕಳಿಸಿದ್ದೇನೆ, ನೀನು ನಿನ್ನ ಕಡೆಯಿಂದ ಉಳಿದೆರಡು ಬಗೆಯ ಸೊಪ್ಪು ಹೊಂದಿಸಿ ಕಳಿಸು, ಪಾಳೆಯದಲ್ಲಿ ಜನ ಬಹಳ ಇದ್ದಾರೆ ಎಂಬುದು ಅದರ ಸಾರ. ಲೀಜನ್‌ಗಳು ಸುತ್ತುವರಿಯುತ್ತಿದ್ದಾಗ ಹಬ್ಬ ತಪ್ಪಬಾರದೆಂದು ಕತ್ತೆ ಕಳಿಸಿದ ಈ ಮನುಷ್ಯ ಸೆಡವಿನವನು, ಹುಂಬ, ಶ್ರದ್ಧಾವಂತ. ಅವನನ್ನು ನಾವು ಅವನ ಮಾತಿನಲ್ಲೇ ಕೇಳಬಹುದು. 400 ವರ್ಷಗಳ ಲೆಕ್ಕದಲ್ಲಿ ಇಂಥ ಭಾಗ್ಯ ಬೇರೆಲ್ಲೂ ಸಿಗಲಿಲ್ಲ.

ಅದೇ ಗುಹೆಯಲ್ಲಿ ಬಬಾಥಾ ಎಂಬ ಹೆಂಗಸಿನ ಚರ್ಮದ ಚೀಲವಿತ್ತು. ಒಳಗೆ ಜೋಪಾನವಾಗಿ ಕಟ್ಟಿಟ್ಟ 35 ದಸ್ತಾವೇಜು. ಖರ್ಜೂರದ ತೋಟದ ಪತ್ರ, ಮದುವೆಯ ಕರಾರು, ರೋಮನ್ ಜನಗಣತಿಯಲ್ಲಿ ಜಮೀನು ಬರೆಸಿದ ನಕಲು. ತಂದೆಯಿಲ್ಲದ ಮಗನಿಗೆ ಪೋಷಕರು ತಿಂಗಳಿಗೆ ಎರಡೇ ದಿನಾರ ಕೊಡುತ್ತಾರೆ, ಸಾಲದು ಎಂದು ರೋಮನ್ ರಾಜ್ಯಪಾಲನ ಕೋರ್ಟಿಗೆ ಹಾಕಿದ ದಾವೆಯ ಕಾಗದಗಳೂ ಇವೆ. ಅಂದರೆ ಬಬಾಥಾ ದಂಗೆಕೋರಳಲ್ಲ. ರೋಮಿನ ಕಾನೂನನ್ನು ನಂಬಿ ಅದರ ಬಾಗಿಲು ತಟ್ಟಿದವಳು. ಕೊನೆಗೆ ಅದೇ ರೋಮಿನ ಸೈನಿಕರಿಂದ ತಪ್ಪಿಸಿಕೊಳ್ಳಲು ಬಂಡೆಯ ಬಿರುಕಿಗೆ ಬಂದಳು. ಗುಹೆಯಲ್ಲಿ ಹೆಂಗಸರ, ಮಕ್ಕಳ ಎಲುಬುಗಳೂ ಸಿಕ್ಕವು. ಕನ್ನಡಿ, ಬುಟ್ಟಿ, ಕಂಚಿನ ತಂಬಿಗೆಗಳ ಜೊತೆ ಮನೆಯ ಬೀಗದ ಕೈಗಳಿದ್ದವು. ಬಾಗಿಲು ಹಾಕಿ, ಬೀಗದ ಕೈ ಸೊಂಟಕ್ಕೆ ಸಿಕ್ಕಿಸಿ ಹೊರಟವರು ಮರಳಿ ಬರುವ ಲೆಕ್ಕದಲ್ಲೇ ಹೊರಟಿರುತ್ತಾರೆ. ಗುಹೆಯ ನೆತ್ತಿಗೆ, ಬಂಡೆಯ ಮೇಲೆ, ಕಾದು ಕೂತಿದ್ದ ರೋಮನ್ ಪಾಳೆಯದ ಕಲ್ಲುಗಳು ಈಗಲೂ ಇವೆ.

ಟ್ಯಾಸಿಟಸ್‌ನ ಹೆಸರು ಈ ಬರಹದಲ್ಲಿ ಮತ್ತೆ ಮತ್ತೆ ಬಂತು. ವೈರಿಗಳ ಬಾಯಲ್ಲಿ ಅತ್ಯಂತ ಹರಿತವಾದ ಮಾತು ಇಟ್ಟ ರೋಮನ್ ಅವನೇ. ರೋಮ್ ತರುವ ಶಾಂತಿಯ ಬಗ್ಗೆ ಇದುವರೆಗೆ ಬಂದ ಅತಿ ಕಟುವಾದ ಆಪಾದನೆ ಅವನು ಸ್ಕಾಟ್ಲೆಂಡಿನ ಕಾಲ್ಗಕಸ್‌ನ ಬಾಯಲ್ಲಿ ಆಡಿಸಿದ್ದು. ಅದು ಕಾಲ್ಗಕಸ್‌ನದಲ್ಲ, ಟ್ಯಾಸಿಟಸ್‌ನದೇ ರಚನೆ ಎಂದು ಓದಿದವರೆಲ್ಲ ಬಲ್ಲರು. ತನ್ನವರ ತಪ್ಪನ್ನು ವೈರಿಯ ದನಿಯಲ್ಲಿ ಹೇಳಿದ ಆ ಧೈರ್ಯಕ್ಕೆ ನಮ್ಮ ನಮಸ್ಕಾರ ಸಲ್ಲುತ್ತದೆ. ಅವನಿಲ್ಲದಿದ್ದರೆ ಸಿವಿಲಿಸ್‌ನ ಕಥೆ ನಮಗೆ ಹೀಗೆ ಗೊತ್ತಾಗುತ್ತಿರಲಿಲ್ಲ. ರೈನ್ ನದಿಯ ಮುಖದ ಬಳಿಯ ಬಟಾವಿ ಕುಲದವನು ಈ ಜೂಲಿಯಸ್ ಸಿವಿಲಿಸ್. ಒಕ್ಕಣ್ಣ. 25 ವರ್ಷ ರೋಮಿನ ಸೇನೆಯಲ್ಲಿ ದುಡಿದು, ಕ್ರಿ.ಶ. 69ರಲ್ಲಿ ರೋಮ್ ತನ್ನೊಳಗೇ ಕಚ್ಚಾಡುತ್ತಿದ್ದಾಗ ದಂಗೆ ಎದ್ದವನು. ಮರುವರ್ಷ ಸೋಲು ಹತ್ತಿರವಾದಾಗ ಮಾತುಕತೆಗೆ ಕೇಳಿಕೊಂಡ. ನದಿಯ ಮೇಲಿನ ಸೇತುವೆಯನ್ನು ನಡುವೆ ಕಡಿದರು. ಕಡಿದ ಒಂದು ಅಂಚಿಗೆ ರೋಮನ್ ದಂಡನಾಯಕ ಬಂದು ನಿಂತ, ಇನ್ನೊಂದು ಅಂಚಿಗೆ ಸಿವಿಲಿಸ್. ಕೆಳಗೆ ನೀರು. ಸಿವಿಲಿಸ್ ಮಾತು ಶುರುಮಾಡಿದ. ಈಗ ಚಕ್ರವರ್ತಿಯಾಗಿರುವ ವೆಸ್ಪಾಸಿಯನ್ ನನಗೆ ಹಳೆಯ ಗೆಳೆಯ, ಆಯುಧ ಹಿಡಿ ಎಂದು ನನಗೆ ಕಾಗದ ಬರೆದವರು ನಿಮ್ಮವರೇ ಎಂದ. ಮುಸಿಯಾನಸ್ ಸಿರಿಯಾದಲ್ಲಿ, ಅಪೋನಿಯಸ್ ಮೊಯೆಷಿಯಾದಲ್ಲಿ, ಫ್ಲಾವಿಯಾನಸ್ ಪನೋನಿಯಾದಲ್ಲಿ ಎತ್ತಿದ ಆಯುಧವನ್ನೇ ನಾನು ಜರ್ಮನಿಯಲ್ಲಿ ಎತ್ತಿದೆ ಎಂದು ಒಂದೊಂದೇ ಹೆಸರು ಎಣಿಸುತ್ತಿದ್ದ. ಟ್ಯಾಸಿಟಸ್‌ನ ಹಸ್ತಪ್ರತಿ ಅಲ್ಲಿಗೆ, ಆ ವಾಕ್ಯದ ನಡುವೆ, ಹರಿದುಹೋಗಿದೆ.